ಲೆಕ್ಕಪತ್ರವೂ ಸಾಕ್ಷ್ಯವೇ: ಜೋನ್ಸ್ ಮತ್ತು ಆಲೆನ್ ಅವರ ಕಿರುಹೊತ್ತಗೆ

1793ರ ಆಗಸ್ಟ್‌ನಿಂದ ನವೆಂಬರ್‌ವರೆಗೆ ಅಮೆರಿಕದ ಫಿಲಡೆಲ್ಫಿಯಾ ನಗರದಲ್ಲಿ ಹಳದಿ ಜ್ವರಕ್ಕೆ ಸುಮಾರು 5,000 ಜನ ಬಲಿಯಾದರು. ಉಳ್ಳವರು ಊರು ತೊರೆದರು. ಕಪ್ಪುಜನರಿಗೆ ಈ ಜ್ವರ ತಗಲದೆಂದು ನಂಬಿದ್ದ ವೈದ್ಯ ಬೆಂಜಮಿನ್ ರಶ್ ಅವರ ನೆರವು ಕೋರಿದನು. ಅಬ್ಸಲೊಂ ಜೋನ್ಸ್ ಮತ್ತು ರಿಚರ್ಡ್ ಆಲೆನ್ ಅವರ ಮುಂದಾಳತ್ವದಲ್ಲಿ ಸ್ವತಂತ್ರ ಕಪ್ಪುಜನರು ರೋಗಿಗಳ ಶುಶ್ರೂಷೆಗೂ ಶವಸಂಸ್ಕಾರಕ್ಕೂ ನಿಂತರು. ಮುದ್ರಕ ಮ್ಯಾಥ್ಯೂ ಕೇರಿ ತನ್ನ ವೃತ್ತಾಂತದಲ್ಲಿ ಮುಂದಾಳುಗಳಿಬ್ಬರನ್ನು ಹೊಗಳಿದನಾದರೂ, ಕಪ್ಪು ದಾದಿಯರಲ್ಲಿ ಕೆಲವರು ಸುಲಿಗೆ ಮಾಡಿದರೆಂದು ಬರೆದನು. (ಅಮೆರಿಕದಲ್ಲಿ ಮೊದಲ ಕಥೋಲಿಕ ಬೈಬಲನ್ನು ಅಚ್ಚುಹಾಕಿದವನೂ ಇವನೇ ಎಂಬುದು ನಮಗೆ ಮುಜುಗರದ ಸಂಗತಿ.) ಜೋನ್ಸ್ ಮತ್ತು ಆಲೆನ್ 1794ರಲ್ಲಿ ಪ್ರಕಟಿಸಿದ ಕಿರುಹೊತ್ತಗೆ ಈ ಆರೋಪಕ್ಕೆ ಕೊಟ್ಟ ಉತ್ತರ.

ಇಂತಹ ಚರಿತ್ರೆಯನ್ನು ನಾವು ಪ್ರಬೋಧನೆಗಳಲ್ಲಿ ಮೌನತ್ಯಾಗದ ನಿದರ್ಶನವಾಗಿ ಬಳಸುವುದುಂಟು. ಆದರೆ ಈ ಹೊತ್ತಗೆ ಮೌನವಾಗಿಲ್ಲ. ಅದರ ಜೀವಾಳವೇ ಒಂದು ಲೆಕ್ಕಪತ್ರ. ಶವಗಳನ್ನೂ ಹಾಸಿಗೆಗಳನ್ನೂ ಹೂಳಿದ್ದಕ್ಕೆ ಬಂದ ಹಣ 233 ಪೌಂಡು 10 ಷಿಲಿಂಗ್ 4 ಪೆನ್ಸ್. ಐವರು ಆಳುಗಳ ಕೂಲಿ 378 ಪೌಂಡು, ಶವಪೆಟ್ಟಿಗೆಗಳಿಗೆ 33. ಕೈಬಿಟ್ಟದ್ದು 177 ಪೌಂಡು 9 ಷಿಲಿಂಗ್ 8 ಪೆನ್ಸ್. ಕಾಣಿಕೆಯ ಹಣದ ವಿಷಯದಲ್ಲಿ ದೇವರ ಮುಂದಷ್ಟೇ ಅಲ್ಲ, ಮನುಷ್ಯರ ಮುಂದೆಯೂ ನಿಷ್ಕಳಂಕನಾಗಿರಬೇಕೆಂಬ ಸಂತ ಪೌಲನ ಎಚ್ಚರ (2 ಕೊರಿಂಥ 8:20-21) ಇಲ್ಲಿ ನೆನಪಾಗುತ್ತದೆ. ಪೌಲನು ಸಂಶಯ ಹುಟ್ಟುವ ಮೊದಲೇ ಅದನ್ನು ತಡೆದನು. ಇವರ ಮೇಲಾದರೋ ಅದು ಮೈಬಣ್ಣದ ಕಾರಣದಿಂದಲೇ ಹೇರಲ್ಪಟ್ಟಿತು. ಕೇರಿ ಪಿಡುಗಿನ ನಡುವೆ ಊರು ಬಿಟ್ಟುಹೋದುದನ್ನೂ, ಆ ವೃತ್ತಾಂತದ ಮಾರಾಟದಿಂದ ಗಳಿಸಿದುದನ್ನೂ ಲೇಖಕರು ನೆನಪಿಸುತ್ತಾರೆ. ಅವನ ಲೆಕ್ಕವನ್ನು ಕೇಳಿದವರು ಇವರೇ.

ರಶ್‌ನ ನಂಬಿಕೆಗೂ ಅಂಕಿಗಳೇ ಉತ್ತರ: ನಗರದಲ್ಲಿ ಹೂಳಲ್ಪಟ್ಟ ಕಪ್ಪುಜನರು 1792ರಲ್ಲಿ 67, 1793ರಲ್ಲಿ 305.

ಒಂದೆಡೆ ಮಾತ್ರ ನಮಗೆ ಹೊತ್ತಗೆಯ ವಾದ ಅರ್ಧಕ್ಕೆ ನಿಂತಂತೆ ತೋರುತ್ತದೆ. ರೋಗಿಗಳ ಮನೆಯವರೇ ಪೈಪೋಟಿಯಿಂದ ದಾದಿಯರ ಕೂಲಿಯನ್ನು ಏರಿಸಿದರೆಂದು ಲೇಖಕರು ವಿವರಿಸುತ್ತಾರೆ. ಪ್ರಾಣವನ್ನು ಪಣವಾಗಿಟ್ಟು ಮಾಡಿದ ದುಡಿಮೆಗೆ ಹೆಚ್ಚಿನ ಕೂಲಿ ಪಡೆಯುವುದು ಪಾಪವೇ ಎಂಬ ಪ್ರಶ್ನೆಯನ್ನು ಅವರು ನೇರವಾಗಿ ಎತ್ತುವುದಿಲ್ಲ. ಬದಲಿಗೆ, ಏನನ್ನೂ ಪಡೆಯದೆ ದುಡಿದವರನ್ನು ಮುಂದೆ ನಿಲ್ಲಿಸುತ್ತಾರೆ. ಆರೋಪಿಸಿದವನ ಅಳತೆಗೋಲು ಹಾಗೆಯೇ ಉಳಿಯುತ್ತದೆ. ಆದರೂ ಆ ನಿದರ್ಶನಗಳಲ್ಲೊಂದು ಅಳತೆಗೋಲನ್ನೇ ಮುರಿಯುವಂತಿದೆ. ಸ್ಯಾಂಪ್ಸನ್ ಎಂಬ ಬಡ ಕಪ್ಪುಮನುಷ್ಯ ಪ್ರತಿಫಲವಿಲ್ಲದೆ ಸಂಕಟವಿದ್ದ ಮನೆಮನೆಗೂ ಹೋದನು, ಅದೇ ಜ್ವರದಿಂದ ಸತ್ತನು. ಅವನ ಸೇವೆ ಪಡೆದವರು ಅವನ ಕುಟುಂಬದತ್ತ ತಿರುಗಿಯೂ ನೋಡಲಿಲ್ಲ.