ಸಾಕ್ಷಿ ಮತ್ತು ಚಾಡಿ: ನವಾಸ್ಕಿಯವರ ‘ನೇಮಿಂಗ್ ನೇಮ್ಸ್’

ಅಮೆರಿಕದ ‘ದ ನೇಷನ್’ ಪತ್ರಿಕೆಯ ಸಂಪಾದಕರಾಗಿದ್ದ ರಾಜಕೀಯ ಲೇಖಕ ವಿಕ್ಟರ್ ನವಾಸ್ಕಿಯವರು 1980ರಲ್ಲಿ ಪ್ರಕಟಿಸಿದ ‘ನೇಮಿಂಗ್ ನೇಮ್ಸ್’ ಹಾಲಿವುಡ್ಡಿನ ಕಮ್ಯುನಿಸ್ಟ್ ವಿರೋಧಿ ಬೇಟೆಯನ್ನು ಕುರಿತ ಕೃತಿ. ದೇವಶಾಸ್ತ್ರದ ಓದುಗರಿಗೆ ಅದು ಇನ್ನೊಂದು ಕಾರಣಕ್ಕೆ ಮುಖ್ಯವಾಗುತ್ತದೆ. ಪಾಪದ ಅರಿಕೆ, ಸಾಕ್ಷಿ, ಕ್ಷಮೆ ಇವುಗಳನ್ನು ರಾಜ್ಯಾಧಿಕಾರವು ತನ್ನ ಕೈಗೆ ತೆಗೆದುಕೊಂಡಾಗ ಅವು ಏನಾಗಿ ಮಾರ್ಪಡುತ್ತವೆ ಎಂಬುದನ್ನು ಅದು ತೋರಿಸುತ್ತದೆ.

1947ರಲ್ಲಿ ಅಮೆರಿಕದ ಪ್ರತಿನಿಧಿ ಸಭೆಯ ಸಮಿತಿಯೊಂದು ಚಿತ್ರರಂಗದವರನ್ನು ವಿಚಾರಣೆಗೆ ಕರೆಯಿತು. ಉತ್ತರ ಕೊಡಲೊಪ್ಪದ ಹತ್ತು ಮಂದಿ ಸೆರೆಮನೆ ಸೇರಿದರು. 1951ರಲ್ಲಿ ವಿಚಾರಣೆ ಮತ್ತೆ ಆರಂಭವಾದಾಗ, ಹಿಂದೆ ಪಕ್ಷದಲ್ಲಿದ್ದವರು ಕೆಲಸ ಉಳಿಸಿಕೊಳ್ಳಬೇಕಾದರೆ ಹಳೆಯ ಸಂಗಾತಿಗಳ ಹೆಸರು ಹೇಳಬೇಕಾಯಿತು. ಆ ಹೆಸರುಗಳು ಸಮಿತಿಗೆ ಬಹುಮಟ್ಟಿಗೆ ಮೊದಲೇ ತಿಳಿದಿದ್ದವೆಂಬುದು ನವಾಸ್ಕಿಯವರ ಮುಖ್ಯ ವಾದ. ಸಮಿತಿಗೆ ಬೇಕಾದದ್ದು ಮಾಹಿತಿಯಲ್ಲ, ಶರಣಾಗತಿ. ಇದನ್ನು ಅವರು ಮಾನಭಂಗದ ವಿಧಿಯೆಂದು ಗುರುತಿಸುತ್ತಾರೆ. ಸಭೆಯಲ್ಲಿ ಅರಿಕೆ ಮಾಡುವವನು ತನ್ನ ಪಾಪವನ್ನು ಹೇಳುತ್ತಾನೆ; ಇಲ್ಲಿ ನೆರೆಯವನ ಹೆಸರನ್ನು ಹೇಳಿದವನಿಗೆ ಬಿಡುಗಡೆ ದೊರೆಯಿತು.

1952ರಲ್ಲಿ ನಿರ್ದೇಶಕ ಎಲಿಯಾ ಕಜಾನ್ ಗ್ರೂಪ್ ಥಿಯೇಟರಿನ ತಮ್ಮ ಎಂಟು ಸಹಚರರನ್ನು ಹೆಸರಿಸಿದರು. 1954ರ ಅವರ ‘ಆನ್ ದ ವಾಟರ್‌ಫ್ರಂಟ್’ ಎಂಟು ಆಸ್ಕರ್ ಪ್ರಶಸ್ತಿಗಳನ್ನು ಗಳಿಸಿತು. ಅದನ್ನು ಬರೆದ ಬಡ್ ಶುಲ್ಬರ್ಗ್ ಸಹ ಹೆಸರು ಕೊಟ್ಟವರೇ. ಚಿತ್ರದ ಹಡಗುಕಟ್ಟೆಯ ಕೂಲಿಯು ಪಾದ್ರಿಯ ಪ್ರೇರಣೆಯಿಂದ ಕೊಲೆಗಡುಕ ಮುಖಂಡನ ವಿರುದ್ಧ ಸಾಕ್ಷಿ ನುಡಿಯುತ್ತಾನೆ. ಅವನು ಜೀವವನ್ನು ಒತ್ತೆಯಿಟ್ಟು ಬಲಿಷ್ಠನನ್ನು ಎದುರಿಸಿದನು. ಸಮಿತಿಯ ಮುಂದೆ ಕುಳಿತವರು ಬಲಿಷ್ಠರ ಅಪೇಕ್ಷೆಯಂತೆ ದುರ್ಬಲರನ್ನು ತೋರಿಸಿಕೊಟ್ಟರು. ಈ ಎರಡನ್ನೂ ಒಂದೇ ಸಾಕ್ಷಿಯೆಂದು ಕಾಣಿಸುವುದರಲ್ಲಿ ಚಿತ್ರದ ಶಕ್ತಿಯೂ ಇದೆ, ಅದರ ಅಪಾಯವೂ ಇದೆ. ಹೇಳಿದ ಮಾತು ನಿಜವೆಂಬ ಮಾತ್ರಕ್ಕೆ ಸುಳ್ಳುಸಾಕ್ಷಿಯ ಆಜ್ಞೆಯ ಅಂತರಾರ್ಥವು ಪಾಲಿಸಲ್ಪಟ್ಟಂತಾಗದು. ಆ ಆಜ್ಞೆಯು ಕಾಯುವುದು ನೆರೆಯವನನ್ನು.

ಕ್ಷಮೆಯ ಪ್ರಶ್ನೆಯಲ್ಲಿ ಕೃತಿಯು ಇನ್ನೂ ಆಳಕ್ಕಿಳಿಯುತ್ತದೆ. ಸೆರೆವಾಸ ಕಂಡ ಡಾಲ್ಟನ್ ಟ್ರಂಬೋ 1970ರ ಭಾಷಣದಲ್ಲಿ, ಆ ಕಾಲದಲ್ಲಿ ಎಲ್ಲರೂ ಬಲಿಯಾದವರೇ ಎಂಬರ್ಥದ ಮಾತನಾಡಿದರು. ಅವರೊಡನೆ ಶಿಕ್ಷೆಗೊಳಗಾಗಿದ್ದ ಆಲ್ಬರ್ಟ್ ಮಾಲ್ಟ್ಸ್ ಇದನ್ನು ಒಪ್ಪಲಿಲ್ಲ. ಇವರಿಬ್ಬರ ವಾಗ್ವಾದವನ್ನು ನವಾಸ್ಕಿಯವರು ವಿಸ್ತಾರವಾಗಿ ನಿರೂಪಿಸಿದ್ದಾರೆ. ನಮ್ಮ ನೋಟದಲ್ಲಿ ಮಾಲ್ಟ್ಸರ ಆಕ್ಷೇಪಕ್ಕೆ ತೂಕವಿದೆ: ಅನ್ಯಾಯವನ್ನು ಅನ್ಯಾಯವೆಂದು ಕರೆಯದ ಕ್ಷಮೆಯು ಸಂಧಾನವಾಗದು.

ಆದರೆ ಇದೇ ಮಾಲ್ಟ್ಸ್ 1946ರಲ್ಲಿ, ಕಲೆಯ ಸ್ವಾತಂತ್ರ್ಯವನ್ನು ಕುರಿತು ತಾವು ಬರೆದ ಲೇಖನವನ್ನು ಕಮ್ಯುನಿಸ್ಟ್ ಪಕ್ಷದ ಒತ್ತಡಕ್ಕೆ ಮಣಿದು ಬಹಿರಂಗವಾಗಿ ಅಲ್ಲಗಳೆದಿದ್ದರು. ಬಲವಂತದ ಅರಿಕೆಯು ಒಂದೇ ಪಾಳೆಯದ ಸೊತ್ತಾಗಿರಲಿಲ್ಲ. ಹೆಸರು ಕೊಟ್ಟವರ ಸಮರ್ಥನೆಗಳನ್ನು ನವಾಸ್ಕಿಯವರು ಒಂದೊಂದಾಗಿ ತೂಗಿ ಬದಿಗಿಡುತ್ತಾರೆ. ಆ ನಿಷ್ಠುರತೆ ಬೇಕಾದದ್ದೇ. ಆದರೂ ತಪ್ಪಿದವನು ಹಿಂದಿರುಗುವ ದಾರಿಯನ್ನು ಓದುಗನೇ ಅರಸಿಕೊಳ್ಳಬೇಕಾಗುತ್ತದೆ. ನಟ ಸ್ಟರ್ಲಿಂಗ್ ಹೇಡನ್ 1951ರಲ್ಲಿ ಹೆಸರು ಕೊಟ್ಟು, 1963ರ ಆತ್ಮಕಥೆಯಲ್ಲಿ ಅದಕ್ಕಾಗಿ ತಮ್ಮನ್ನೇ ದೂಷಿಸಿಕೊಂಡರು. ಯಾವ ಸಮಿತಿಯೂ ಕೇಳದಿದ್ದ ಆ ಅರಿಕೆಯಲ್ಲಿ ಅವರು ಅಪರಾಧಿಯೆಂದು ಹೆಸರಿಸಿದ್ದು ತಮ್ಮನ್ನೇ. ಪಶ್ಚಾತ್ತಾಪವನ್ನು ಬೋಧಿಸುವವರು ಈ ಎರಡು ಹೇಳಿಕೆಗಳನ್ನು ಅಕ್ಕಪಕ್ಕದಲ್ಲಿಟ್ಟು ಓದುವುದು ಒಳ್ಳೆಯದು.