ಮೂಕಿ ಚಿತ್ರಗಳಲ್ಲಿ ಯುದ್ಧನೌಕೆ: ಸಾಕ್ಷ್ಯವಿಮರ್ಶೆಯ ಒಂದು ಪ್ರಶ್ನೆ

ಜಮಖಂಡಿ, ಮುಧೋಳ, ಬೀಳಗಿ, ರಬಕವಿ-ಬನಹಟ್ಟಿಗಳು ಕಡಲಿಗೆ ದೂರವಾದ ಊರುಗಳು. ಈ ಸೀಮೆಯ ವಿದ್ಯಾರ್ಥಿಯು ಯುದ್ಧನೌಕೆಯನ್ನು ಮೊದಲು ಕಾಣುವುದು ಬಹುಮಟ್ಟಿಗೆ ತೆರೆಯ ಮೇಲೆ. ಕಂಡುದನ್ನು ನಿಜವೆಂದೇ ನಂಬುತ್ತಾನೆ. ಈ ನಂಬಿಕೆ ಎಷ್ಟರಮಟ್ಟಿಗೆ ಸಲ್ಲತಕ್ಕದ್ದೆಂಬುದನ್ನು 1927ರ ಒಂದು ಮೂಕಿ ಚಿತ್ರದ ಮೂಲಕ ಪರಿಶೀಲಿಸುವುದು ನಮ್ಮ ಉದ್ದೇಶ.

ವಾಲ್ಟರ್ ಸಮ್ಮರ್ಸ್ ನಿರ್ದೇಶಿಸಿದ 'ದಿ ಬ್ಯಾಟಲ್ಸ್ ಆಫ್ ಕರೊನೆಲ್ ಅಂಡ್ ಫಾಕ್‌ಲಂಡ್ ಐಲಂಡ್ಸ್' ಎಂಬುದು 1914ರ ಎರಡು ನೌಕಾಯುದ್ಧಗಳ ಪುನಾರಚನೆ. ಅಡ್ಮಿರಲ್ ಸ್ಪೀಯ ಜರ್ಮನ್ ಪಡೆಯು ನವೆಂಬರ್ 1ರಂದು ಚಿಲಿಯ ಕರಾವಳಿಯಲ್ಲಿ ಗೆದ್ದು, ಡಿಸೆಂಬರ್ 8ರಂದು ಫಾಕ್‌ಲಂಡ್ ದ್ವೀಪಗಳ ಬಳಿ ಸೋತಿತು. ಅದೇ ವರ್ಷದ ಸೆಪ್ಟೆಂಬರ್ 22ರಂದು ಮದರಾಸಿನ ಮೇಲೆ ಗುಂಡು ಹಾರಿಸಿದ 'ಎಮ್ಡನ್' ಇದೇ ಪಡೆಯಿಂದ ಬೇರ್ಪಟ್ಟು ಬಂದ ಹಡಗಾದ್ದರಿಂದ ಈ ವೃತ್ತಾಂತ ನಮಗೆ ತೀರ ಹೊರಗಿನದಲ್ಲ.

ಬ್ರಿಟಿಷ್ ನೌಕಾಖಾತೆಯು ಈ ಚಿತ್ರಕ್ಕೆ ನಿಜವಾದ ಯುದ್ಧನೌಕೆಗಳನ್ನೇ ಒದಗಿಸಿತು. ಆದರೆ ಫಾಕ್‌ಲಂಡಿನಲ್ಲಿ ಗೆದ್ದ 'ಇನ್‌ವಿನ್ಸಿಬಲ್' 1916ರ ಜಟ್‌ಲಂಡ್ ಯುದ್ಧದಲ್ಲಿ ಮುಳುಗಿಹೋಗಿತ್ತು. ಅದರ ಪಾತ್ರ ವಹಿಸಿದ್ದು 'ಬಾರ್‌ಹ್ಯಾಮ್'. ಇದು ಸೇವೆಗೆ ಸೇರಿದ್ದೇ 1915ರಲ್ಲಿ. 12 ಅಂಗುಲದ ತೋಪುಗಳಿರಬೇಕಾದಲ್ಲಿ 15 ಅಂಗುಲದವು ಕಾಣುತ್ತವೆ. ಹಡಗು ನಿಜ, ಹೆಸರು ನಿಜವಲ್ಲ.

ಹಾಗಾದರೆ ಈ ಚಿತ್ರ ತ್ಯಾಜ್ಯವೇ? ಅಲ್ಲವೆಂದು ನಮ್ಮ ಅಭಿಪ್ರಾಯ. ಮುಧೋಳದ ಘೋರ್ಪಡೆ ಮನೆತನದಲ್ಲಿದ್ದ, ಬಹಮನಿ ಕಾಲದವೆನ್ನಲಾದ ಫರ್ಮಾನುಗಳ ಸಾಚಾತನವನ್ನು ಕುರಿತು ಇತಿಹಾಸಕಾರರು ವಾದಿಸಿರುವುದು ವಿದಿತವೇ. ಅಂಥ ವಾದಗಳಲ್ಲಿ ನಾವು ಕಲಿತ ಪಾಠವೊಂದುಂಟು: ಕೂಟಶಾಸನವೂ ತಾನು ಹೇಳಿಕೊಳ್ಳುವ ಕಾಲಕ್ಕಲ್ಲದಿದ್ದರೆ ತಾನು ಹುಟ್ಟಿದ ಕಾಲಕ್ಕೆ ಸಾಕ್ಷಿಯಾಗುತ್ತದೆ. ಅಂತೆಯೇ ಈ ಚಿತ್ರ 1914ಕ್ಕಲ್ಲ, 1927ಕ್ಕೆ ಆಧಾರ. ಸೋತ ಸ್ಪೀಯನ್ನು ಗೌರವದಿಂದ ಚಿತ್ರಿಸುವ ಮನೋಧರ್ಮ ಯುದ್ಧಾನಂತರದ್ದು. ಬಂದರುಕಟ್ಟೆಯ ಕಾರ್ಮಿಕರು ಹಗಲಿರುಳು ಹಡಗುಗಳನ್ನು ಸಜ್ಜುಗೊಳಿಸುವ ಭಾಗವೇ ಇದರಲ್ಲಿ ಶ್ರೇಷ್ಠವಾದುದು. ದುಡಿಮೆಯ ಲಯವನ್ನು ಬಲ್ಲ ಮಗ್ಗದ ಊರಿನವರು ಇದನ್ನು ಯಾರ ವಿವರಣೆಯೂ ಇಲ್ಲದೆ ಮೆಚ್ಚಬಲ್ಲರು.

ಇನ್ನೊಂದು ಮಾತು. 1941ರ ನವೆಂಬರ್ 25ರಂದು ಭೂಮಧ್ಯಸಮುದ್ರದಲ್ಲಿ ಜರ್ಮನ್ ಜಲಾಂತರ್ಗಾಮಿಯೊಂದು ಬಾರ್‌ಹ್ಯಾಮನ್ನೇ ಮುಳುಗಿಸಿತು. 800ಕ್ಕೂ ಹೆಚ್ಚು ನಾವಿಕರು ಮಡಿದರು. ಆ ಸ್ಫೋಟವನ್ನು ಜೊತೆಯ ಹಡಗಿನಿಂದ ಚಿತ್ರೀಕರಿಸಲಾಯಿತು. ಮುಂದೆ ಕಥಾಚಿತ್ರಗಳಲ್ಲಿ ಆ ನಿಜವಾದ ಸಾವನ್ನೇ ಬೇರೆ ಹಡಗುಗಳ ಅಂತ್ಯವೆಂದು ತೋರಿಸಿದ್ದುಂಟು. ಮೊದಲು ಅನ್ಯರ ವಿಜಯಕ್ಕೆ ರೂಪವಿತ್ತ ಹಡಗು ಕಡೆಗೆ ತನ್ನ ಮರಣವನ್ನೂ ಅನ್ಯರ ಹೆಸರಿಗೆ ಬಿಟ್ಟುಕೊಟ್ಟಂತಾಯಿತು. ಆದುದರಿಂದ ತೆರೆಯ ಮೇಲಣ ಹಡಗು ಯಾವುದು, ಎಂದು ಚಿತ್ರಿತವಾದುದು ಎಂದು ಮೊದಲು ಕೇಳುವುದು ಬರಿಯ ಪಾಂಡಿತ್ಯದ ಹಟವಲ್ಲ. ಮಡಿದವರಿಗೆ ಸಲ್ಲಬೇಕಾದ ನ್ಯಾಯ.