ಅನ್ನ ಮತ್ತು ಅಭಯ: ‘ಬರ’ ಚಲನಚಿತ್ರದ ನೈತಿಕ ಪ್ರಶ್ನೆ

ಆಹಾರ, ಔಷಧ, ಶಾಸ್ತ್ರ, ಅಭಯವೆಂದು ಜೈನಾಚಾರ್ಯರು ದಾನವನ್ನು ನಾಲ್ಕು ಬಗೆಯಾಗಿ ಹೇಳಿದ್ದಾರೆ. ಶ್ರಾವಕನ ಮನೆಯಂಗಳಕ್ಕೆ ಸಲ್ಲುವ ಈ ಧರ್ಮ ಆಳುವವರ ಕಛೇರಿಗೂ ಸಲ್ಲಬೇಕು. ಎಂ.ಎಸ್. ಸತ್ಯು ಅವರು 1980ರ ದಶಕದ ಆರಂಭದಲ್ಲಿ ನಿರ್ದೇಶಿಸಿದ ‘ಬರ’ ಚಲನಚಿತ್ರವನ್ನು ಈ ದೃಷ್ಟಿಯಿಂದ ಪರಿಶೀಲಿಸುವುದು ಉಚಿತವಾಗಿದೆ.

ಯು.ಆರ್. ಅನಂತಮೂರ್ತಿಯವರ ಅದೇ ಹೆಸರಿನ ಕಥೆ ಈ ಚಿತ್ರಕ್ಕೆ ಆಧಾರ. ಅನಂತನಾಗ್ ಅಭಿನಯಿಸಿದ ತರುಣ ಜಿಲ್ಲಾಧಿಕಾರಿ ಆದರ್ಶವಾದಿ. ಜಿಲ್ಲೆಯನ್ನು ಬರಪೀಡಿತವೆಂದು ಘೋಷಿಸಿದರೆ ಹಸಿದವರಿಗೆ ಕಾಳು ದೊರೆತೀತು ಎಂಬುದು ಅವನ ಆಶಯ. ಆದರೆ ಆ ಘೋಷಣೆಯೇ ರಾಜಕಾರಣಿಗಳ ಮೇಲಾಟದಲ್ಲಿ ದಾಳವಾಗುತ್ತದೆ. ಅನ್ನಕ್ಕಾಗಿ ತೊಡಗಿದ ಪ್ರಯತ್ನ ಕೋಮು ಗಲಭೆಯಲ್ಲಿ ಸಿಲುಕುತ್ತದೆ. ಅನ್ನ ಕಾಣದ ಜನ ಅಭಯವನ್ನೂ ಕಳೆದುಕೊಳ್ಳುತ್ತಾರೆ.

ದೇಶವಿಭಜನೆಯ ನಂತರ ಆಗ್ರಾದಲ್ಲಿಯೇ ಉಳಿದ ಮುಸ್ಲಿಂ ಕುಟುಂಬವೊಂದರ ಸಂಕಟವನ್ನು ಸತ್ಯು ‘ಗರ್ಮ್ ಹವಾ’ (1973) ಚಿತ್ರದಲ್ಲಿ ನಿರೂಪಿಸಿದ್ದರು. ಅಲ್ಲಿಯಂತೆ ಇಲ್ಲಿಯೂ ಕೇಡು ಒಬ್ಬನಲ್ಲಿ ಮಾತ್ರ ನೆಲೆಸಿಲ್ಲ. ತತ್ತ್ವಾರ್ಥಸೂತ್ರವು ಪ್ರಮಾದದಿಂದ ಪ್ರಾಣಹರಣವಾಗುವುದನ್ನು ಹಿಂಸೆಯೆನ್ನುತ್ತದೆ. ಆ ಪ್ರಮಾಣದಿಂದ ಅಳೆದರೆ, ಆಯುಧ ಹಿಡಿಯದೆ ಕಡತವನ್ನು ಮುಂದೂಡುವ ಕೈಯೂ ನಿರ್ದೋಷಿಯಲ್ಲ. ಈ ಸತ್ಯವನ್ನು ಉಪದೇಶವಿಲ್ಲದೆ ಮನಗಾಣಿಸಿರುವುದು ನಿರ್ದೇಶಕರ ಹಿರಿಮೆ.

ನಾಯಕನ ಪ್ರಾಮಾಣಿಕತೆಯನ್ನೂ ಚಿತ್ರ ಪರೀಕ್ಷೆಗೆ ಒಡ್ಡುತ್ತದೆ. ಅವನಿಗೆ ಅನ್ಯಾಯ ಕಾಣುತ್ತದೆ, ಅದರ ಕಾರಣವೂ ತಿಳಿಯುತ್ತದೆ. ಆದರೆ ದರ್ಶನ ಮತ್ತು ಜ್ಞಾನಗಳು ಚಾರಿತ್ರವಾಗಿ ಫಲಿಸದೆ ರತ್ನತ್ರಯ ಪೂರ್ಣವಾಗದು. ತಾನು ನಿರ್ಮಲನೆಂಬ ತೃಪ್ತಿಯೂ ಒಂದು ಪರಿಗ್ರಹವೇ.

ಆದರೂ ಚಿತ್ರಕ್ಕೊಂದು ಮಿತಿಯಿದೆ. ಅದರ ದೃಷ್ಟಿ ಬಹುಮಟ್ಟಿಗೆ ಅಧಿಕಾರಿಯ ಸುತ್ತಲೇ ತಿರುಗುತ್ತದೆ. ಹಸಿದವರು ಕಾಣುವಷ್ಟು ಕೇಳಿಸುವುದಿಲ್ಲ. ಧಾರವಾಡ ಜಿಲ್ಲೆಯ ಪ್ರೇಕ್ಷಕನಿಗೆ ಈ ಕೊರತೆ ಹೆಚ್ಚು ತಟ್ಟುತ್ತದೆ. ಚಿತ್ರ ರೂಪುಗೊಂಡ ಕಾಲದಲ್ಲಿಯೇ, 1980ರ ಜುಲೈ 21ರಂದು, ನವಲಗುಂದದಲ್ಲಿ ಮಲಪ್ರಭಾ ಅಚ್ಚುಕಟ್ಟಿನ ರೈತರು ಬೆಟರ್‌ಮೆಂಟ್ ಲೆವಿಯನ್ನು ವಿರೋಧಿಸಿ ತಾವಾಗಿಯೇ ದನಿಯೆತ್ತಿದ್ದರು. ಅಂದಿನ ಗೋಲಿಬಾರಿನಲ್ಲಿ ಜೀವ ಹೋಯಿತು. ಅಲ್ಲಿ ಕಾರಣ ಬರವಲ್ಲ, ಕರ; ಆದರೆ ಅಹವಾಲಿಗೂ ಕಛೇರಿಗೂ ನಡುವಣ ದೂರ ಒಂದೇ.

ಪ್ರತಿವರ್ಷ ಆ ದಿನದಂದು ಮಡಿದವರನ್ನು ನೆನೆಯುವ ಈ ಸೀಮೆಗೆ ‘ಬರ’ ಹಳೆಯ ಚಿತ್ರವಾಗಿ ಉಳಿಯುವುದಿಲ್ಲ. ಮಳೆ ತಪ್ಪುವುದು ಪ್ರಕೃತಿಯ ಮಾತು. ಹಸಿದವನು ಬಾಗಿಲಿಗೆ ಬಂದಾಗ ಅವನಿಗೆ ಅನ್ನದೊಡನೆ ಅಭಯವೂ ದೊರೆಯುವುದೇ ಎಂಬುದು ಮನುಷ್ಯರ ಹೊಣೆ.